ಟೋಪಿ ಮರಳಿದ ವರ್ಷ

ಆ ವರ್ಷದ ಬೇಸಿಗೆಯಲ್ಲಿ ಊರಿಗೆ ಬಂದೊದಗಿದ ವಿಪತ್ತನ್ನು ಮೊದಲು ಹೇಳಿಬಿಡಬೇಕು. ಊರಧ್ಯಕ್ಷರ ಟೋಪಿ ಸಮುದ್ರಕ್ಕೆ ಬಿತ್ತು.

ಅವರು ಬಂದರಿನ ಕಟ್ಟೆಯ ಮೇಲೆ ಹಡಗಿನ ಕಡೆ ಕೈಬೀಸುತ್ತ ನಿಂತಿದ್ದರು. ಗಾಳಿ ಬೀಸಿತು. ಟೋಪಿ ತಲೆಯಿಂದ ಎದ್ದು, ಗಾಳಿಯಲ್ಲಿ ಪಲ್ಟಿ ಹೊಡೆದು, ನೀರಿನ ಮೇಲೆ ಕೂತು, ಸ್ವಲ್ಪ ಹೊತ್ತು ಯೋಚನೆ ಮಾಡಿ ಮುಳುಗಿತು. ಸುದ್ದಿ ತಿಳಿದ ಕೂಡಲೇ ಆಲಿವ್ ಎಣ್ಣೆಯ ಗಾಣಗಳನ್ನು ನಿಲ್ಲಿಸಲಾಯಿತು. ಕಾಫಿ ಅಂಗಡಿಯಲ್ಲಿ ಇಸ್ಪೀಟಾಡುತ್ತಿದ್ದವರು ಎಲೆಗಳನ್ನು ಮಗುಚಿಟ್ಟು ಎದ್ದು ನಿಂತರು. ಬಿಸಿಲಿಗೆ ಹಗ್ಗದ ಮೇಲೆ ನೇತುಹಾಕಿದ್ದ ಆಕ್ಟೋಪಸ್‌ಗಳನ್ನು ಹೆಂಗಸರು ಶೋಕಸೂಚಕವಾಗಿ ಒಳಕ್ಕೆ ಒಯ್ದರು. ಅದೇ ವಾರ ದೀಪಸ್ತಂಭದ ದೀಪ ಕೆಟ್ಟು ಮೀನುದೋಣಿಯೊಂದು ಬಂಡೆಗೆ ಬಡಿದು ಒಡೆದಿತ್ತು. ಅದರ ಬಗ್ಗೆ ಯಾರೂ ಸೊಲ್ಲೆತ್ತಲಿಲ್ಲ. ದೋಣಿ ಒಡೆದದ್ದನ್ನು ಕ್ಯಾಮೆರಾ ಹಿಡಿದಿರಲಿಲ್ಲ. ಟೋಪಿ ಬಿದ್ದದ್ದನ್ನು ಹಿಡಿದಿತ್ತು. ದುಃಖವೆಲ್ಲ ಅದಕ್ಕೇ.

ಆ ಊರಿನಲ್ಲಿ ಇದ್ದದ್ದು ಒಂದೇ ಕಾನೂನು. ಊರು ವರ್ಷಕ್ಕೊಂದು ಸಿನಿಮಾ ಮಾಡುತ್ತಿತ್ತು. ಕ್ಯಾಮೆರಾದವನು ವರ್ಷವಿಡೀ ಮೂರು ಕಾಲಿನ ಪೆಟ್ಟಿಗೆಯನ್ನು ಹೆಗಲ ಮೇಲೆ ಹೊತ್ತು, ಸುಣ್ಣ ಬಳಿದ ಮನೆಗಳ ನಡುವಿನ ಮೆಟ್ಟಿಲುಗಳನ್ನು ಹತ್ತಿ ಇಳಿದು, ಕಂಡದ್ದನ್ನು ಹಿಡಿಯುತ್ತಿದ್ದ. ದ್ರಾಕ್ಷಿ ಕೊಯ್ಲು ಮುಗಿದ ಮೇಲೆ ಚೌಕದ ದೊಡ್ಡ ಬಿಳಿ ಗೋಡೆಯ ಮೇಲೆ ಅದನ್ನು ತೋರಿಸುತ್ತಿದ್ದರು. ಗೋಡೆಯ ಮೇಲೆ ಕಂಡದ್ದು ನಡೆದದ್ದು. ಕಾಣದ್ದು ನಡೆಯದ್ದು. ಗೋಡೆಯ ಮೇಲೆ ಹೋದವರು ಹೋದವರು, ಬಂದವರು ಬಂದವರು. ಇದರಿಂದ ಊರಿಗೆ ನ್ಯಾಯಾಲಯದ ಖರ್ಚು ಉಳಿದಿತ್ತು.

ಕಾನೂನು ಎಷ್ಟು ಸೊಗಸಾಗಿ ನಡೆಯುತ್ತಿತ್ತು ಎಂಬುದಕ್ಕೆ ರೊಟ್ಟಿಯಂಗಡಿಯವನ ಮಗನನ್ನು ನೋಡಬಹುದಿತ್ತು. ಅವನು ದುಡಿಯಲು ಪರದೇಶಕ್ಕೆಂದು ಹಡಗು ಹತ್ತಿದ. ಕ್ಯಾಮೆರಾ ಹಿಡಿಯಿತು. ಹೊಟ್ಟೆ ತೊಳಸಿ ವಾಂತಿ ಮಾಡಿಕೊಂಡು ಮಾರನೆಯ ದಿನವೇ ಮೀನುದೋಣಿಯಲ್ಲಿ ವಾಪಸು ಬಂದ. ಕ್ಯಾಮೆರಾ ಅತ್ತ ಇರಲಿಲ್ಲ. ಹೀಗಾಗಿ ಅವನು ಪರದೇಶದಲ್ಲಿದ್ದ. ದಿನವೂ ಕಾಫಿ ಅಂಗಡಿಯ ಮೂಲೆಯ ಮೇಜಿನಲ್ಲಿ ಕೂತಿರುತ್ತಿದ್ದ.

"ಏನಪ್ಪಾ, ಅಲ್ಲಿ ಹೇಗಿದೆ?" ಎಂದು ಹಾದುಹೋಗುವವರು ಕೇಳುತ್ತಿದ್ದರು.

"ಪರವಾಗಿಲ್ಲ. ಇಲ್ಲಿನ ಹಾಗೇ ಇದೆ," ಎನ್ನುತ್ತಿದ್ದ.

ಅವನ ತಾಯಿ ಪ್ರತಿ ಮಧ್ಯಾಹ್ನ ಅವನಿಗೆ ಬಡಿಸುತ್ತ, ನನ್ನ ಮಗ ಹೇಗಿದ್ದಾನೋ, ಏನು ತಿನ್ನುತ್ತಾನೋ ಎಂದು ಕಣ್ಣೊರೆಸಿಕೊಳ್ಳುತ್ತಿದ್ದಳು. ಅವನು ತುತ್ತು ನುಂಗಿ, "ಅಳಬೇಡಮ್ಮಾ, ಒಂದಲ್ಲ ಒಂದು ದಿನ ಬರ್ತಾನೆ," ಎಂದು ಸಮಾಧಾನ ಮಾಡುತ್ತಿದ್ದ.

ಈ ಸಿನಿಮಾವನ್ನು ಕತ್ತರಿಸಿ ಜೋಡಿಸುವ ಹೆಂಗಸನ್ನು ಊರಿನವರು ಕತ್ತರಿಯವಳು ಎಂದು ಕರೆಯುತ್ತಿದ್ದರು. ಕರೆಯುವ ಸಂದರ್ಭ ಹೆಚ್ಚಾಗಿ ಬರುತ್ತಿರಲಿಲ್ಲ.

ಬಂದರಿನ ಮೇಲಿನ ಮೆಟ್ಟಿಲುಗಳ ತುದಿಯಲ್ಲಿ ಅವಳ ಕೋಣೆ. ಕೋಣೆಗೆ ಒಂದೇ ಕಿಟಕಿ, ಕಿಟಕಿಯ ತುಂಬ ಸಮುದ್ರ. ಬೆಳಕು ಕಣ್ಣಿಗೆ ಹೊಡೆದರೆ ಕೆಲಸ ಕೆಡುತ್ತದೆಂದು ಅವಳು ಸಮುದ್ರಕ್ಕೆ ಬೆನ್ನು ಹಾಕಿ ಕೂರುತ್ತಿದ್ದಳು. ಎದುರಿಗೆ ಎರಡು ಚಕ್ರದ ಯಂತ್ರ, ನಡುವೆ ಅಂಗೈಯಗಲದ ಗಾಜು, ಗಾಜಿನಲ್ಲಿ ಊರು. ಕೈಗೆ ಬಿಳಿಯ ಹತ್ತಿಯ ಗವಸು. ಕತ್ತರಿಸಿ ತೆಗೆದ ತುಂಡುಗಳು ಗೋಡೆಯ ಮೊಳೆಗಳಿಂದ ಒಣಗಲು ಹಾಕಿದ ಆಕ್ಟೋಪಸ್ ಕಾಲುಗಳ ಹಾಗೆ ಜೋತಾಡುತ್ತಿದ್ದವು. ಊರಿನಲ್ಲಿ ನಡೆಯದೇ ಹೋದದ್ದೆಲ್ಲ ಅಲ್ಲಿ ನೇತಾಡುತ್ತಿತ್ತು: ಒಬ್ಬಳ ಆಕಳಿಕೆ, ಒಬ್ಬನ ಬಯ್ಗುಳ, ಆಡಿನ ಹೆರಿಗೆ, ಹಿಂದಿನ ಅಧ್ಯಕ್ಷರ ಒಂದು ಇಡೀ ಭಾಷಣ. ನೋಡುವುದು, ಗುರುತು ಹಾಕುವುದು, ಕತ್ತರಿಸುವುದು, ಅಂಟಿಸುವುದು. ಅವಳು ಹುಡುಗಿಯಾಗಿ ಆ ಕೋಣೆಗೆ ಹೋಗಿದ್ದಳು. ಹೊರಗೆ ದ್ರಾಕ್ಷಿ ಹಣ್ಣಾಗುತ್ತಿತ್ತು, ಕೊಯ್ಲಾಗುತ್ತಿತ್ತು. ಒಳಗೆ ಅವಳು ನೋಡಿ, ಗುರುತು ಹಾಕಿ, ಕತ್ತರಿಸಿ, ಅಂಟಿಸುತ್ತಿದ್ದಳು. ಕೂದಲು ನರೆತದ್ದು ಯಾವ ಕೊಯ್ಲಿನಲ್ಲಿ ಎಂದು ಅವಳಿಗೇ ತಿಳಿಯದು.

ಕೆಲಸ ಕಲಿಸಿದವನು ಹಿರಿಯ ಕತ್ತರಿಯವನು, ಈಗ ಇಲ್ಲ. ಅವನು ಕಲಿಸಿದ್ದು ಒಂದೇ ಮಾತು: ಕತ್ತರಿ ಕಾಣಬಾರದು. ಒಂದು ತುಂಡು ಮುಗಿದು ಇನ್ನೊಂದು ಶುರುವಾದದ್ದು ನೋಡುವವರಿಗೆ ತಿಳಿಯಬಾರದು, ನಡುವೆ ಒಂದು ಕೈ ಇತ್ತೆಂಬುದು ಹೊಳೆಯಲೂ ಬಾರದು. ಮೊದಲನೆಯ ದಿನ ಅವನು ಅವಳ ಮುಂದಿಟ್ಟ ತುಂಡಿನಲ್ಲಿ ಅವಳ ಅಕ್ಕ ಇದ್ದಳು. ಅಕ್ಕ ಮದುವೆಯಾಗಿ ಎದುರಿನ ದ್ವೀಪಕ್ಕೆ ಹೊರಟಿದ್ದಳು. ಹಡಗಿನ ಏಣಿಯ ಬುಡದಲ್ಲಿ ಅಕ್ಕತಂಗಿಯರಿಬ್ಬರೂ ತಬ್ಬಿಕೊಂಡು ಅಳುತ್ತಿದ್ದರು.

"ಇದರಲ್ಲಿ ನೀನಿದ್ದೀಯ," ಎಂದ ಹಿರಿಯ ಕತ್ತರಿಯವನು.

"ಹೌದು. ಅವಳು ನನ್ನ ಅಕ್ಕ."

"ಇರಬಹುದು. ನೀನು ಈಗ ಕತ್ತರಿ. ಕತ್ತರಿ ಕಾಣಬಾರದು."

ಅವಳು ನೋಡಿದಳು, ಗುರುತು ಹಾಕಿದಳು, ಕತ್ತರಿಸಿದಳು, ಅಂಟಿಸಿದಳು. ಗೋಡೆಯ ಮೇಲೆ ಅಕ್ಕ ಒಬ್ಬಳೇ ಕಟ್ಟೆಯ ಮೇಲೆ ನಡೆದುಬಂದು ಒಬ್ಬಳೇ ಏಣಿ ಹತ್ತಿದಳು. ನೆರೆಹೊರೆಯವರು ನಿಟ್ಟುಸಿರುಬಿಟ್ಟರು. ಪಾಪ, ಕಳಿಸಿಕೊಡಲು ಯಾರೂ ಬರಲಿಲ್ಲವಲ್ಲ, ಅವಳಿಗೊಬ್ಬಳು ತಂಗಿಯಾದರೂ ಇರಬೇಕಿತ್ತು ಎಂದರು. ತಂಗಿ ಅವರ ಹಿಂದೆಯೇ ನಿಂತಿದ್ದಳು. ಹಿರಿಯ ಕತ್ತರಿಯವನು ಅವಳ ಬೆನ್ನು ತಟ್ಟಿ, ಒಳ್ಳೆಯ ಕೈ, ಎಂದ.

ಒಳ್ಳೆಯ ಕೈಗೆ ಊರು ಅನ್ಯಾಯ ಮಾಡಲಿಲ್ಲ. ದ್ವೀಪಗಳೆಲ್ಲ ಸೇರಿ ಕೊಡುವ ಅತ್ಯುತ್ತಮ ಸಂಕಲನದ ಪ್ರಶಸ್ತಿ, ಆಲಿವ್ ಕೊಂಬೆಯ ಆಕಾರದ ಒಂದು ಕಂಚಿನ ವಸ್ತು, ಆ ಊರಿಗೆ ಮತ್ತೆ ಮತ್ತೆ ಬಂತು. ಪ್ರಶಸ್ತಿ ಕೊಡುವಾಗ ಒಂದು ತೊಡಕು ಬರುತ್ತಿತ್ತು. ಯಾವ ಸಿನಿಮಾದಲ್ಲೂ ಕಾಣಿಸದ ಹೆಂಗಸು ಇದ್ದಾಳೆಂದು ಹೇಳಲು ಕಾನೂನಿನಲ್ಲಿ ದಾರಿ ಇರಲಿಲ್ಲ. ಹಾಗಾಗಿ ಅಧ್ಯಕ್ಷರು ಅವಳ ಕುರ್ಚಿಯನ್ನು ಚೌಕಕ್ಕೆ ತರಿಸಿ, ಅದಕ್ಕೆ ಹಾರ ಹಾಕಿ, ಕಂಚಿನ ಕೊಂಬೆಯನ್ನು ಅದರ ಮೇಲಿಡುತ್ತಿದ್ದರು. ಜನ ಚಪ್ಪಾಳೆ ತಟ್ಟುತ್ತಿದ್ದರು. ಆಮೇಲೆ ಕುರ್ಚಿಯನ್ನು ಅವಳೇ ಹೊತ್ತುಕೊಂಡು ಮೆಟ್ಟಿಲು ಹತ್ತುತ್ತಿದ್ದಳು.

ಇಷ್ಟನ್ನು ಅವಳು ಸಹಿಸಿಕೊಂಡಿದ್ದಳು. ಸಹಿಸಲಾಗದೆ ಹೋದದ್ದು ಅಕ್ಕನ ಮಾತು.

ಊರಿನ ಸಿನಿಮಾದ ಪ್ರತಿಗಳು ದ್ವೀಪದಿಂದ ದ್ವೀಪಕ್ಕೆ ಹೋಗುತ್ತಿದ್ದವು. ಎಲ್ಲ ದ್ವೀಪಗಳಲ್ಲೂ ಇದೇ ಕಾನೂನು. ಅಕ್ಕ ಇದ್ದ ದ್ವೀಪದಲ್ಲಿ ಹಳೆಯ ಸಿನಿಮಾಗಳನ್ನು ಹಬ್ಬಕ್ಕೊಮ್ಮೆ ಮತ್ತೆ ತೋರಿಸುತ್ತಿದ್ದರು. ಹಡಗಿನ ಅಡುಗೆಯವನು ಅಕ್ಕನ ಮಾತನ್ನು ಬಾಯಲ್ಲಿ ಹೊತ್ತು ತಂದು ತಂಗಿಗೆ ಒಪ್ಪಿಸುತ್ತಿದ್ದ. ಮೊದಮೊದಲು ಅಕ್ಕ, "ಅವರು ತೋರಿಸೋದು ಸುಳ್ಳು. ನೀನು ಬಂದಿದ್ದೆ, ನನ್ನ ಭುಜ ಒದ್ದೆ ಮಾಡಿದ್ದೆ," ಎಂದು ಹೇಳಿಕಳಿಸುತ್ತಿದ್ದಳು. ಆಮೇಲೆ, "ನೀನು ಬಂದಿದ್ದೆ ಅಂತ ನನಗೆ ನೆನಪು," ಎಂದಳು. ಟೋಪಿ ಬಿದ್ದ ಆ ಬೇಸಿಗೆಯ ಮೊದಲ ಹಡಗಿನಲ್ಲಿ ಅಡುಗೆಯವನು ತಂದ ಮಾತು ಬೇರೆಯಿತ್ತು.

"ನಿಮ್ಮಕ್ಕನಿಗೆ ವಯಸ್ಸಾಯ್ತು ಕಣಮ್ಮಾ," ಎಂದು ಅವನು ಪೀಠಿಕೆ ಹಾಕಿದ. "ಕೇಳ್ತಿದ್ರು. 'ನನಗೆ ನಿಜವಾಗ್ಲೂ ತಂಗಿ ಇದ್ದಳಾ? ಇದ್ದರೆ ಒಂದು ಸಲ ಬಂದು ಹೋಗು ಅನ್ನು. ಇಲ್ಲದಿದ್ರೆ ಇಲ್ಲ ಅಂತಾದ್ರೂ ಹೇಳಿಕಳಿಸು' ಅಂದ್ರು."

ಅವಳು ಬಂದರಿನ ಗುಮಾಸ್ತನ ಕಿಟಕಿಗೆ ಹೋದಳು. ಗುಮಾಸ್ತ ಸಭ್ಯ ಮನುಷ್ಯ.

"ಎದುರು ದ್ವೀಪಕ್ಕೆ ಒಂದು ಟಿಕೆಟ್ಟು," ಎಂದಳು.

"ಕೊಡಬಹುದು ತಾಯಿ. ಸಿನಿಮಾದಲ್ಲಿ ತಾವು ಎಲ್ಲಿದ್ದೀರಿ?"

"ಎಲ್ಲೂ ಇಲ್ಲ. ನಾನು ಅದನ್ನ ಕತ್ತರಿಸೋಳು. ನಿಮಗೆ ಗೊತ್ತಲ್ಲ, ದಿನಾ ನಿಮ್ಮ ಮುಂದೆಯೇ ಓಡಾಡ್ತೀನಿ."

"ಗೊತ್ತಿಲ್ಲ ಅಂತ ನಾನೆಲ್ಲಿ ಅಂದೆ? ಗೊತ್ತು. ಆದರೆ ಇಲ್ಲದವರಿಗೆಲ್ಲ ಟಿಕೆಟ್ಟು ಕೊಡ್ತಾ ಹೋದರೆ ಇರುವವರು ಎಲ್ಲಿ ಕೂರಬೇಕು? ಒಂದೇ ಒಂದು ತುಂಡಿನಲ್ಲಿ ಕಾಣಿಸಿಕೊಳ್ಳಿ, ಸಾಕು. ಮುಖವೇ ಆಗಬೇಕೆಂದಿಲ್ಲ."

ಅವಳು ಕ್ಯಾಮೆರಾದವನ ಬಳಿ ಹೋಗಿ, ಒಂದು ಸಲ ತನ್ನನ್ನು ಹಿಡಿ ಎಂದು ಕೇಳಿದಳು. ಅವನು ಗಡ್ಡ ಕೆರೆದುಕೊಂಡ.

"ಹಿಡೀಬಹುದಕ್ಕಾ. ಆದರೆ ಹಿರಿಯರು ಹೇಳಿದ್ದೇನು? ನಿಮ್ಮ ಕೋಣೆ ಕಡೆ ಕ್ಯಾಮೆರಾ ತಿರುಗಿಸಬಾರದು. ತಿರುಗಿಸಿದೆ ಅಂತಲೇ ಇಟ್ಕೊಳ್ಳಿ, ಆ ತುಂಡು ಬಂದಾಗ ಅದನ್ನ ಕತ್ತರಿಸೋರು ಯಾರು? ನೀವೇ. ಇಷ್ಟು ವರ್ಷ ಕತ್ತರಿಸದೆ ಬಿಟ್ಟಿದ್ದೀರಾ ನಿಮ್ಮನ್ನ?"

ಅದು ನಿಜವಾಗಿತ್ತು. ಅಲ್ಲೊಂದು ಮೊಣಕೈ, ಇಲ್ಲೊಂದು ನೆರಳು, ಅಂಗಡಿಯ ಗಾಜಿನಲ್ಲಿ ಅರ್ಧ ಕೆನ್ನೆ, ಹೀಗೆ ಅವಳು ಎಷ್ಟೋ ಸಲ ಸಿಕ್ಕಿಬಿದ್ದಿದ್ದಳು. ಪ್ರತಿ ಸಲವೂ ಕೈ ತಾನಾಗಿ ಮುಂದೆ ಹೋಗಿ ತೆಗೆದುಹಾಕಿತ್ತು. ಕೊನೆಕೊನೆಗೆ ಅವಳ ಕಣ್ಣು ತನ್ನನ್ನು ಕಂಡರೂ ನಿಲ್ಲದೆ ಪಕ್ಕಕ್ಕೆ ಜಾರಿಹೋಗುತ್ತಿತ್ತು.

ಹಾಗಾಗಿ ಅವಳು ಹೋಗುವ ಆಸೆ ಬಿಟ್ಟು, ಅಕ್ಕನಿಗೆ ಒಂದು ಭರಣಿ ಉಪ್ಪಿನ ಆಲಿವ್ ಕಳಿಸುವುದೆಂದುಕೊಂಡಳು. ಭರಣಿಯನ್ನು ಬಟ್ಟೆಯಲ್ಲಿ ಗಂಟುಕಟ್ಟಿ ಕಟ್ಟೆಯ ಉದ್ದಕ್ಕೂ ನಡೆದು ಏಣಿಯ ಬುಡದಲ್ಲಿ ಅಡುಗೆಯವನ ಕೈಗೆ ಕೊಟ್ಟಳು. ಗಾಳಿ ಬೀಸಿದ್ದು ಅವಳು ಕಟ್ಟೆಯ ಮೇಲೆ ನಡೆಯುತ್ತಿದ್ದಾಗಲೇ.

ಕ್ಯಾಮೆರಾದವನು ತಂದುಕೊಟ್ಟ ಆ ತುಂಡನ್ನು ಅವಳು ಯಂತ್ರಕ್ಕೆ ಏರಿಸಿದಾಗ ಅಂಗೈಯಗಲದ ಗಾಜಿನಲ್ಲಿ ಅಧ್ಯಕ್ಷರು ನಿಂತಿದ್ದರು, ಟೋಪಿ ಎದ್ದಿತು, ಬಿತ್ತು, ಜನರೆಲ್ಲ ನೀರಿನ ಕಡೆ ತಿರುಗಿದರು. ತಿರುಗದೇ ಇದ್ದವಳು ಒಬ್ಬಳು. ದೂರದಲ್ಲಿ, ಕಟ್ಟಿ ನಿಲ್ಲಿಸಿದ ಹಡಗಿನ ಕಡೆಗೆ, ಕೈಯಲ್ಲಿ ಗಂಟು ಹಿಡಿದು, ಬೆನ್ನು ತೋರಿಸಿ ನಡೆದು, ಏಣಿಯ ಬುಡದಲ್ಲಿ ಅದನ್ನು ಒಬ್ಬನ ಕೈಗೆ ಕೊಟ್ಟಳು. ನಾನು ಇಷ್ಟು ಕುಳ್ಳಗಿದ್ದೇನೆಯೇ ಎಂದುಕೊಂಡಳು. ಗುರುತು ಹಾಕುವ ಬಿಳಿ ಪೆನ್ಸಿಲು ಆಗಲೇ ಕೈಗೆ ಬಂದಿತ್ತು. ಅವಳು ಅದನ್ನು ಮೇಜಿನ ಮೇಲಿಟ್ಟು, ಅದರ ಮೇಲೆ ಆಲಿವ್ ಎಣ್ಣೆಯ ಶೀಶೆಯನ್ನೂ ಇಟ್ಟಳು. ಪೆನ್ಸಿಲನ್ನು ನಂಬುವ ಹಾಗಿರಲಿಲ್ಲ.

ಅಷ್ಟರಲ್ಲಿ ಅಧ್ಯಕ್ಷರೇ ಮೆಟ್ಟಿಲು ಹತ್ತಿ ಬಂದರು. ಬರಿತಲೆ. ಒಂದು ಕೈ ತಲೆಯಿಂದ ಅರ್ಧ ಗೇಣು ಮೇಲೆ, ಟೋಪಿಯ ಅಂಚು ಇರಬೇಕಾದ ಜಾಗದಲ್ಲಿ, ಗಾಳಿಯನ್ನು ಹಿಡಿದುಕೊಂಡಿತ್ತು. ಆ ಊರಿನಲ್ಲಿ ಅಧ್ಯಕ್ಷಗಿರಿ ಇರುವುದು ಟೋಪಿಯಲ್ಲಿ. ಟೋಪಿ ಯಾರ ತಲೆಯ ಮೇಲೋ ಅವರು ಅಧ್ಯಕ್ಷರು.

"ಅಮ್ಮಾ, ಅದನ್ನ ತೆಗೆದುಬಿಡು," ಎಂದರು.

"ಯಾವುದನ್ನ ಸ್ವಾಮಿ?"

"ಬಿದ್ದದ್ದನ್ನ. ಗೋಡೆ ಮೇಲೆ ಅದು ಬಿದ್ದರೆ ನಾನು ಮಾರನೇ ದಿನ ಮೀನಂಗಡೀಲಿ ಕೂರಬೇಕಾಗತ್ತೆ. ಈಗಾಗಲೇ ಕಟುಕ ನನ್ನ ನೋಡಿ ಬರೀ 'ನಮಸ್ಕಾರ' ಅಂದ. ಮೊದಲು ಬಗ್ಗುತ್ತಿದ್ದ."

ತೆಗೆದರೆ ಟೋಪಿಯ ಜೊತೆ ಅವಳೂ ಹೋಗುತ್ತಿದ್ದಳು. ಅವಳು ಗವಸನ್ನು ಬೆರಳು ಬೆರಳಾಗಿ ಎಳೆದು ಸರಿಮಾಡಿಕೊಂಡಳು.

"ತೆಗೆದರೆ ಬಿದ್ದಿಲ್ಲ ಅಂತಾಗತ್ತೆ ಸ್ವಾಮಿ. ಆದರೆ ತಲೆ ಮೇಲಿದೆ ಅಂತ ಆಗಲ್ಲ. ಈ ವರ್ಷ ಟೋಪಿ ಇರೋದು ಇದೊಂದೇ ತುಂಡಲ್ಲಿ."

ಅಧ್ಯಕ್ಷರು ಕೂತರು. ಕೈ ಮಾತ್ರ ಮೇಲೆಯೇ ಇತ್ತು. "ಹಾಗಾದರೆ ನನ್ನ ಗತಿ?"

"ಸಮುದ್ರವೇ ವಾಪಸು ತಂದುಕೊಟ್ಟರೆ?"

ಅವಳು ಯಂತ್ರದ ಹಿಡಿಯನ್ನು ಹಿಂದಕ್ಕೆ ತಿರುಗಿಸಿದಳು. ಗಾಜಿನಲ್ಲಿ ಸಮುದ್ರ ಬಾಯಿ ತೆರೆಯಿತು, ಟೋಪಿ ನೀರಿನಿಂದೆದ್ದು, ಗಾಳಿಯಲ್ಲಿ ಪಲ್ಟಿ ಹೊಡೆದು, ಹಕ್ಕಿ ಗೂಡು ಸೇರಿದ ಹಾಗೆ ಅಧ್ಯಕ್ಷರ ತಲೆಯ ಮೇಲೆ ಕೂತಿತು. ಅಧ್ಯಕ್ಷರು ಇನ್ನೊಂದು ಸಲ ತೋರಿಸು ಎಂದರು. ಮತ್ತೊಂದು ಸಲ ಎಂದರು. ಮೂಗು ಗಾಜಿಗೆ ತಾಗುವಷ್ಟು ಬಗ್ಗಿ ನೋಡಿದರು. ಅವರು ನೋಡಿದ್ದು ಟೋಪಿಯನ್ನು ಮಾತ್ರ.

"ಅಮ್ಮಾ, ಇದು ಪವಾಡ."

"ಪವಾಡವೇ ಸ್ವಾಮಿ."

ಅವಳು ತುಂಡನ್ನು ಸಿನಿಮಾದ ಪ್ರತಿಗಳನ್ನು ಅಚ್ಚು ಹಾಕುವವನ ಬಳಿ ಕಳಿಸಿದಳು. ಅವನು ಅದನ್ನು ಕೊನೆಯಿಂದ ಮೊದಲಿಗೆ ಹೊಸದಾಗಿ ಅಚ್ಚು ಹಾಕಿಕೊಟ್ಟ. ಏಕೆಂದು ಕೇಳಲಿಲ್ಲ, ಕೇಳುವುದು ಅವನ ಕೆಲಸವಲ್ಲ. ಆಮೇಲೆ ಅವಳು ಬಹಳ ಎಚ್ಚರಿಕೆಯಿಂದ ಅದನ್ನು ಪರೀಕ್ಷೆ ಮಾಡಿದಳು. ಹಡಗಿನ ಹೊಗೆ ಕೊಳವೆಯೊಳಕ್ಕೆ ಹೋಗುತ್ತಿತ್ತು. ಆ ಚೂರು ಕತ್ತರಿಸಿದಳು. ಕಡಲಹಕ್ಕಿಗಳು ಬಾಲ ಮುಂದುಮಾಡಿ ಹಾರುತ್ತಿದ್ದವು. ಅದನ್ನೂ ತೆಗೆದಳು. ಬಾವುಟ, ಅಲೆ, ಜನರ ಕೊರಳು, ಒಂದೊಂದನ್ನೂ ನೋಡಿದಳು. ನೋಡಿದಳು, ಗುರುತು ಹಾಕಿದಳು, ಕತ್ತರಿಸಿದಳು, ಅಂಟಿಸಿದಳು. ತಾನು ಇರುವ ಮೂಲೆಗೆ ಬಂದಾಗ ಮಾತ್ರ ಅವಳ ಕಣ್ಣು ಹಳೆಯ ಅಭ್ಯಾಸದಂತೆ ಪಕ್ಕಕ್ಕೆ ಜಾರಿತು. ಇದ್ದೇನೆ, ಅಷ್ಟು ಸಾಕು ಎಂದುಕೊಂಡಳು. ಹಿರಿಯ ಕತ್ತರಿಯವನ ಮಾತನ್ನು ಅವಳು ಮೀರಿದ್ದು ಅದೇ ಮೊದಲು.

ದ್ರಾಕ್ಷಿ ಕೊಯ್ಲು ಮುಗಿಯಿತು. ಚೌಕದಲ್ಲಿ ಕುರ್ಚಿ ಹಾಕಿದರು. ಸಿನಿಮಾ ಓಡುವಾಗ ಅವಳು ಎಂದಿನ ಹಾಗೆ ಗೋಡೆಗೆ ಬೆಳಕು ಬಿಡುವ ಯಂತ್ರದ ಹಿಂದೆ ಕಣ್ಣು ಮುಚ್ಚಿ ಕೂತಿದ್ದಳು. ಅಂಟಿಸಿದ ಜಾಗಗಳು ಯಂತ್ರದೊಳಗೆ ಹಾಯುವ ಸಣ್ಣ ಸದ್ದನ್ನು ಕೇಳಿಯೇ ಎಲ್ಲಿ ಏನು ನಡೆಯುತ್ತಿದೆಯೆಂದು ಅವಳಿಗೆ ತಿಳಿಯುತ್ತಿತ್ತು. ಟೋಪಿ ನೀರಿನಿಂದ ಎದ್ದಾಗ ಚೌಕಕ್ಕೆ ಚೌಕವೇ ಎದ್ದು ನಿಂತಿತು.

"ನೋಡಿದಿರಾ, ಸಮುದ್ರಕ್ಕೂ ಗೊತ್ತು ಅದು ಯಾರ ತಲೇದು ಅಂತ!" ಎಂದ ಕಟುಕ.

"ನಾನು ಆ ದಿನ ಅಲ್ಲೇ ಇದ್ದೆ, ಹೀಗೇ ಆಯ್ತು," ಎಂದರು, ಆ ದಿನ ಅಲ್ಲೇ ಇದ್ದವರು.

"ಪರದೇಶದಲ್ಲಿ ಇಂಥದ್ದು ನಾನು ನೋಡಿಲ್ಲ," ಎಂದ ರೊಟ್ಟಿಯಂಗಡಿಯವನ ಮಗ.

ಅಧ್ಯಕ್ಷರು ಎದ್ದು, ಬೋಳುತಲೆಯ ಮೇಲಿಂದ ಇಲ್ಲದ ಟೋಪಿಯನ್ನು ತೆಗೆದು ಜನಕ್ಕೆ ವಂದಿಸಿ ಮತ್ತೆ ಹಾಕಿಕೊಂಡರು. ಕಟುಕ ಬಗ್ಗಿದ.

ಮರುದಿನ ಬೆಳಿಗ್ಗೆ ಅವಳು ಒಂದು ಜೊತೆ ಬಟ್ಟೆ, ಒಂದು ಬಾಚಣಿಗೆ, ಅಕ್ಕನಿಗೆಂದು ಇನ್ನೊಂದು ಭರಣಿ, ಇಷ್ಟನ್ನು ಗಂಟುಕಟ್ಟಿಕೊಂಡು ಬಂದರಿಗೆ ಹೋದಳು. ಹಡಗು ಹೊಗೆಯುಗುಳುತ್ತ ನಿಂತಿತ್ತು. ಹೊಗೆ ಮೇಲಕ್ಕೆ ಹೋಗುತ್ತಿತ್ತು. ಗುಮಾಸ್ತ ಅವಳನ್ನು ಕಂಡೊಡನೆ ಎದ್ದು ನಿಂತ. ಅವಳಿಗಾಗಿ ಯಾರಾದರೂ ಎದ್ದು ನಿಂತದ್ದು ಅದೇ ಮೊದಲು.

"ಬನ್ನಿ ತಾಯಿ, ಬನ್ನಿ. ನೋಡಿದೆ, ತುಂಬ ಸಂತೋಷವಾಯ್ತು."

"ನನ್ನ ಗುರುತು ಸಿಕ್ಕಿತಾ?"

"ಸಿಗದೆ ಏನು? ಇಷ್ಟು ವರ್ಷ ಕೆಳಗಿನಿಂದ ನಿಮ್ಮ ಕಿಟಕಿ ನೋಡಿದ್ದೀವಿ. ಆ ಬೆನ್ನು ಊರಿಗೇ ಗೊತ್ತು."

"ಹಾಗಾದರೆ ನಾನು ಇದ್ದೀನಿ."

"ಇದ್ದೀರಿ, ಅದರಲ್ಲಿ ಎರಡು ಮಾತಿಲ್ಲ."

"ಒಂದು ಟಿಕೆಟ್ಟು ಕೊಡಿ. ಎದುರು ದ್ವೀಪಕ್ಕೆ."

ಗುಮಾಸ್ತ ಮುಜುಗರದಿಂದ ಮೂಗು ತಿಕ್ಕಿಕೊಂಡ.

"ಅಲ್ಲ ತಾಯಿ, ನೀವು ನಿನ್ನೆ ತಾನೇ ಬಂದಿರಲ್ಲ."

"ಎಲ್ಲಿಂದ?"

"ಹಡಗಿನಿಂದ. ಊರೆಲ್ಲ ನೋಡಿತು. ಹಡಗಿನವನೊಬ್ಬ ಏಣಿ ಹತ್ತಿರ ಕೈಗೆ ಗಂಟು ಕೊಟ್ಟ, ನೀವು ಅದನ್ನ ತಗೊಂಡು ಹಡಗಿಗೆ ಬೆನ್ನು ಹಾಕೋಕೂ ಮನಸ್ಸಾಗದೆ ಅದನ್ನೇ ನೋಡ್ತಾ ನೋಡ್ತಾ ಹಿಂದಹಿಂದಕ್ಕೆ ನಡೆದು ಊರು ಸೇರಿದಿರಿ. ನನ್ನ ಹೆಂಡತಿ ಅತ್ತುಬಿಟ್ಟಳು. ಎಷ್ಟು ವರ್ಷ ಹೊರಗಿದ್ದರೋ ಪಾಪ, ಕೊನೆಗೂ ಊರಿಗೆ ಬಂದರು ಅಂದಳು."

ಅವಳು ಕಿಟಕಿಯ ಹಲಗೆಯನ್ನು ಹಿಡಿದುಕೊಂಡಳು.

"ನಾನು ಹೋಗ್ತಿದ್ದೆ. ತುಂಡು ತಿರುವಿದ್ದೀನಿ. ಟೋಪಿಗೋಸ್ಕರ."

ಗುಮಾಸ್ತ ಅತ್ತಿತ್ತ ನೋಡಿ ದನಿ ತಗ್ಗಿಸಿದ. "ಹಾಗನ್ನಬೇಡಿ. ತಿರುವಿದೆ ಅಂದರೆ ಟೋಪಿ ಬಿತ್ತು ಅಂತಾಗತ್ತೆ, ಅಧ್ಯಕ್ಷರು ಅಧ್ಯಕ್ಷರಲ್ಲ ಅಂತಾಗತ್ತೆ, ಅವರು ರುಜು ಹಾಕಿದ ಮದುವೆಗಳೆಲ್ಲ ಕೆಡತ್ತೆ. ನನ್ನದೂ ಸೇರಿ. ಬಂದವರು ಬಂದವರು ತಾಯಿ. ಬಂದವರನ್ನ ಕಳಿಸಿದರೆ ಗೋಡೆ ಸುಳ್ಳು ಹೇಳಿದ ಹಾಗೆ."

"ಹಾಗಾದರೆ ಬರುವ ವರ್ಷದ ಸಿನಿಮಾದಲ್ಲಿ ಹೋಗ್ತೀನಿ."

"ಹೋಗಿ, ಧಾರಾಳವಾಗಿ ಹೋಗಿ. ಆದರೆ ಹೋದದ್ದನ್ನ ಕತ್ತರಿಸಿ ಅಂಟಿಸೋಕೆ ನೀವು ಇಲ್ಲೇ ಇರಬೇಕಲ್ಲ."

ಗುಮಾಸ್ತ ಹೊರಗೆ ಬಂದು ಅವಳ ಗಂಟನ್ನು ತಾನೇ ಎತ್ತಿಕೊಂಡು ಮೆಟ್ಟಿಲುಗಳವರೆಗೆ ಕಳಿಸಿಕೊಟ್ಟ. ದಾರಿಯಲ್ಲಿ ಸಿಕ್ಕ ಹೆಂಗಸರು ಅವಳ ಕೈ ಹಿಡಿದು, ಪ್ರಯಾಣ ಸುಖವಾಗಿತ್ತೇ, ಇನ್ನು ಮೇಲೆ ಇಲ್ಲೇ ಇರುತ್ತೀರಲ್ಲ ಎಂದು ವಿಚಾರಿಸಿದರು. ಅವಳ ಹಿಂದೆ ಹಡಗು ಕೂಗಿತು. ಅವಳು ಕೋಣೆಗೆ ಹೋಗಿ ಸಮುದ್ರಕ್ಕೆ ಬೆನ್ನು ಹಾಕಿ ಕೂತಳು.

ಸಿನಿಮಾದ ಪ್ರತಿ ದ್ವೀಪಗಳಿಗೆ ಹೋಯಿತು. ಮುಂದಿನ ಹಡಗಿನಲ್ಲಿ ಅಡುಗೆಯವನು ಅಕ್ಕನ ಮಾತು ತಂದ. ಬಂದರುಗಳೆಲ್ಲ ಒಂದೇ ಥರ ಇರುವುದರಿಂದ ಅಕ್ಕ ಆ ಕಟ್ಟೆಯನ್ನು ತನ್ನ ದ್ವೀಪದ್ದೆಂದೇ ತಿಳಿದಿದ್ದಳು. "ನೀನು ಬಂದದ್ದು ನೋಡಿದೆ. ನನ್ನ ಮಾತು ನಡೆಸಿಕೊಟ್ಟೆ. ಮುಖ ಮಾತ್ರ ತೋರಿಸಲಿಲ್ಲ. ನನ್ನ ಮೇಲೆ ಇನ್ನೂ ಕೋಪವಿರಬೇಕು, ಇರಲಿ. ಇನ್ನು ಕರೆಯುವುದಿಲ್ಲ," ಎಂದು ಹೇಳಿಕಳಿಸಿದ್ದಳು. ಹಾಗೆಯೇ, ಆಮೇಲೆ ಕರೆಯಲಿಲ್ಲ.

ಆ ವರ್ಷದ ಅತ್ಯುತ್ತಮ ಸಂಕಲನದ ಪ್ರಶಸ್ತಿಯೂ ಅವಳಿಗೇ ಬಂತು. ಅವಳು ಇದ್ದಾಳೆಂಬುದು ಈಗ ಖಚಿತವಾಗಿದ್ದುದರಿಂದ ಕಂಚಿನ ಕೊಂಬೆಯನ್ನು ಕುರ್ಚಿಯ ಮೇಲಿಡದೆ ಅವಳ ಕೈಗೇ ಕೊಟ್ಟರು. ಟೋಪಿ ಸಿಗಲಿಲ್ಲ.